ನೋವಿನ ಮಾತ್ರೆ, ಆಸ್ಪಿರಿನ್ ಜೊತೆಗೆ ಗ್ಯಾಸ್ಟ್ರಿಕ್ ಮಾತ್ರೆ: ಯಾರಿಗೆ ಬೇಕು, ಎಷ್ಟು, ಯಾವಾಗ, ಎಲ್ಲಿಯವರೆಗೆ

ಜ್ವರಕ್ಕೆ ಹೋದರೂ, ಹಲ್ಲು ನೋವಿಗೆ ಹೋದರೂ, ಮಂಡಿ ನೋವಿಗೆ ಹೋದರೂ ವೈದ್ಯರ ಚೀಟಿಯಲ್ಲಿ ‘ಪ್ಯಾಂಟೊಪ್ರಜೋಲ್ 40, 1-0-0, ಊಟಕ್ಕೆ ಮುಂಚೆ’ ಎಂಬ ಗ್ಯಾಸ್ಟ್ರಿಕ್ ಮಾತ್ರೆಯ ಒಂದು ಸಾಲು ಇರುವುದು ನಮ್ಮಲ್ಲಿ ರೂಢಿಯಾಗಿಬಿಟ್ಟಿದೆ. ಉಳಿದ ಮಾತ್ರೆಗಳ ಉಷ್ಣ ಹೊಟ್ಟೆಗೆ ತಾಗದಿರಲಿ ಎಂದು ಕೊಟ್ಟಿದ್ದಾರೆ ಎಂದುಕೊಂಡು ಜನರೂ ಅದನ್ನು ನುಂಗುತ್ತಾರೆ, ಚೀಟಿಯ ಅವಧಿ ಮುಗಿದ ಮೇಲೂ ಅಂಗಡಿಯಿಂದ ತಂದು ಮುಂದುವರಿಸುತ್ತಾರೆ. ಇನ್ನೊಂದು ಕಡೆ, ನಿಜವಾಗಿ ಈ ರಕ್ಷಣೆ ಬೇಕಾದವರು, ಅಂದರೆ ಹೃದಯಕ್ಕೆಂದು ದಿನವೂ ಆಸ್ಪಿರಿನ್ ತೆಗೆದುಕೊಳ್ಳುತ್ತಾ ಮಂಡಿ ನೋವಿಗೆ ತಾವೇ ಅಂಗಡಿಯಿಂದ ನೋವಿನ ಮಾತ್ರೆ ತಂದು ನುಂಗುವ 70ರ ಆಸುಪಾಸಿನ ಹಿರಿಯರು, ಎಷ್ಟೋ ಬಾರಿ ಅದಿಲ್ಲದೆಯೇ ಇರುತ್ತಾರೆ. ಬೇಡದವರಿಗೆ ವರ್ಷಗಟ್ಟಲೆ, ಬೇಕಾದವರಿಗೆ ಒಂದು ದಿನವೂ ಇಲ್ಲ ಎಂಬ ಈ ಸ್ಥಿತಿ ಸರಿಹೋಗಬೇಕಾದರೆ, ಮುನ್ನೆಚ್ಚರಿಕೆಗಾಗಿ ಕೊಡುವ ಈ ಆಮ್ಲನಿರೋಧಕ (ಗ್ಯಾಸ್ಟ್ರಿಕ್) ಮಾತ್ರೆಗೆ ಒಂದು ಸ್ಪಷ್ಟ ಕಾರಣವೂ ಒಂದು ಕೊನೆಯ ದಿನವೂ ಇರಬೇಕು. ಅವೆರಡನ್ನೂ ಕಂಡುಕೊಳ್ಳುವ ಕ್ರಮವನ್ನು ಇಲ್ಲಿ ಹಂತಹಂತವಾಗಿ ವಿವರಿಸಿದ್ದೇನೆ. ಇದನ್ನು ಓದಿ ಯಾರೂ ತಾವಾಗಿಯೇ ಮಾತ್ರೆ ಆರಂಭಿಸಬಾರದು ಅಥವಾ ನಿಲ್ಲಿಸಬಾರದು. ವೈದ್ಯರ ಎದುರು ಕುಳಿತಾಗ ಸರಿಯಾದ ಪ್ರಶ್ನೆ ಕೇಳಲು ಇದು ನೆರವಾಗಲಿ.

ಮೊದಲ ಹಂತ: ಯಾವ ಮಾತ್ರೆಯಿಂದ ಹೊಟ್ಟೆಯನ್ನು ಕಾಪಾಡಬೇಕು ಎಂದು ಗುರುತಿಸಿ

ಮನೆಯಲ್ಲಿರುವ ಎಲ್ಲ ಮಾತ್ರೆಗಳನ್ನೂ ಮೇಜಿನ ಮೇಲೆ ಹರವಿ, ಪ್ರತಿ ಪಟ್ಟಿಯ ಹಿಂಬದಿಯಲ್ಲಿ ಸಣ್ಣ ಅಕ್ಷರದಲ್ಲಿರುವ ಔಷಧದ ಹೆಸರನ್ನು ಓದಿ. ಕಂಪನಿಯ ಹೆಸರು ಬೇರೆ ಬೇರೆಯಾಗಿದ್ದರೂ ಒಳಗಿನ ಔಷಧ ಒಂದೇ ಆಗಿರಬಹುದು. ಡೈಕ್ಲೊಫೆನಾಕ್, ಅಸೆಕ್ಲೊಫೆನಾಕ್, ಐಬುಪ್ರೊಫೆನ್, ನ್ಯಾಪ್ರೊಕ್ಸೆನ್, ಪೈರಾಕ್ಸಿಕ್ಯಾಮ್, ಕೆಟೊರೊಲಾಕ್, ಇಂಡೊಮೆಥಾಸಿನ್ ಇವೆಲ್ಲ ಒಂದೇ ಗುಂಪಿನ ನೋವು ಮತ್ತು ಉರಿಯೂತ ನಿವಾರಕಗಳು. ಆಸ್ಪಿರಿನ್ ಕೂಡ ಇದೇ ಗುಂಪಿಗೆ ಸೇರುತ್ತದೆ. ಹೃದಯಕ್ಕೆಂದು ಕೊಡುವ 75 ಮಿ.ಗ್ರಾಂನಷ್ಟು ಕಡಿಮೆ ಪ್ರಮಾಣದಲ್ಲೂ ಅದು ಜಠರದ ರಕ್ತಸ್ರಾವದ ಅಪಾಯವನ್ನು ಸುಮಾರು ಎರಡು ಪಟ್ಟು ಹೆಚ್ಚಿಸುತ್ತದೆ.

ಜಠರದ ಒಳಪೊರೆಯ ಮೇಲೆ ಲೋಳೆಯ ಒಂದು ಪದರವಿರುತ್ತದೆ. ಅದು ಸದಾ ಹೊಸದಾಗಿ ಸ್ರವಿಸುವಂತೆ ಮಾಡುವುದು ಪ್ರೊಸ್ಟಗ್ಲಾಂಡಿನ್ ಎಂಬ ರಾಸಾಯನಿಕ. ನೋವಿನ ಮಾತ್ರೆಗಳು ದೇಹದಲ್ಲೆಲ್ಲ ಈ ರಾಸಾಯನಿಕದ ತಯಾರಿಕೆಯನ್ನೇ ತಗ್ಗಿಸುತ್ತವೆ. ನೋವು ಇಳಿಯುವುದು ಅದರಿಂದ, ಜಠರ ತನ್ನ ಕವಚ ಕಳೆದುಕೊಳ್ಳುವುದೂ ಅದರಿಂದಲೇ. ಕೆಲಸ ನಡೆಯುವುದು ರಕ್ತದ ಮೂಲಕವಾದ್ದರಿಂದ ‘ಹೊಟ್ಟೆ ತುಂಬ ಊಟ ಮಾಡಿ ಮಾತ್ರೆ ತೆಗೆದುಕೊಂಡೆ, ಏನೂ ಆಗುವುದಿಲ್ಲ’ ಎಂಬ ನಂಬಿಕೆಗೆ ಹೆಚ್ಚು ಆಧಾರವಿಲ್ಲ. ಊಟದ ನಂತರ ತೆಗೆದುಕೊಂಡರೆ ಹೊಟ್ಟೆ ತೊಳಸುವುದು ಕಡಿಮೆಯಾದೀತು, ಆದರೆ ಹುಣ್ಣು ತಪ್ಪುತ್ತದೆ ಎಂಬ ಭರವಸೆಯಿಲ್ಲ. ಕರುಳಿನಲ್ಲಿ ಕರಗುವಂತೆ ಲೇಪನ ಹಾಕಿದ ಆಸ್ಪಿರಿನ್‌ಗೂ, ಸೊಂಟಕ್ಕೆ ಚುಚ್ಚಿಸಿಕೊಳ್ಳುವ ಡೈಕ್ಲೊಫೆನಾಕ್ ಇಂಜೆಕ್ಷನ್‌ಗೂ ಇದೇ ಮಾತು ಅನ್ವಯಿಸುತ್ತದೆ.

ಪ್ಯಾರಾಸಿಟಮಾಲ್ ಈ ಗುಂಪಿಗೆ ಸೇರಿದ್ದಲ್ಲ; ಸಾಮಾನ್ಯ ಪ್ರಮಾಣದಲ್ಲಿ ಅದಕ್ಕೆ ಗ್ಯಾಸ್ಟ್ರಿಕ್ ಮಾತ್ರೆಯ ಜೊತೆ ಬೇಕಿಲ್ಲ. ಆಂಟಿಬಯಾಟಿಕ್‌ಗಳಿಗೂ ಬೇಕಿಲ್ಲ. ಅವುಗಳಿಂದ ಹೊಟ್ಟೆ ಕೆಡುವುದು ಬೇರೆ ಕಾರಣಕ್ಕೆ, ಆಮ್ಲ ತಗ್ಗಿಸಿದರೆ ಅದು ನಿಲ್ಲುವುದಿಲ್ಲ. ಪ್ರೆಡ್ನಿಸೊಲೋನ್‌ನಂಥ ಸ್ಟೆರಾಯ್ಡ್ ಒಂದನ್ನೇ ತೆಗೆದುಕೊಳ್ಳುವವರಿಗೆ, ಬೇರೆ ಅಪಾಯವಿಲ್ಲದಿದ್ದರೆ, ಸಾಮಾನ್ಯವಾಗಿ ಈ ರಕ್ಷಣೆ ಬೇಕಾಗುವುದಿಲ್ಲ. ಸ್ಟೆರಾಯ್ಡ್ ಮತ್ತು ನೋವಿನ ಮಾತ್ರೆ ಜೊತೆಯಾದಾಗ ಮಾತ್ರ ಅಪಾಯ ಒಮ್ಮೆಲೇ ಏರುತ್ತದೆ. ಮಂಡಿ ನೋವಿಗೆಂದು ಲೇಬಲ್ ಇಲ್ಲದೆ ಮಾರುವ ಪುಡಿ, ಗುಳಿಗೆಗಳಲ್ಲಿ ಸ್ಟೆರಾಯ್ಡ್ ಅಥವಾ ನೋವಿನ ಔಷಧ ಬೆರೆತಿದ್ದ ಪ್ರಕರಣಗಳು ಪರೀಕ್ಷೆಯಲ್ಲಿ ಕಂಡುಬಂದಿರುವುದರಿಂದ, ಅವುಗಳನ್ನೂ ಮೇಜಿನ ಮೇಲಿನ ಪಟ್ಟಿಗೆ ಸೇರಿಸಿ ವೈದ್ಯರಿಗೆ ತಿಳಿಸಬೇಕು.

ಎರಡನೆಯ ಹಂತ: ನಿಮ್ಮ ಅಪಾಯ ಎಷ್ಟೆಂದು ಲೆಕ್ಕ ಹಾಕಿ

ಮಾತ್ರೆ ಯಾವುದು ಎನ್ನುವಷ್ಟೇ ಮುಖ್ಯವಾದುದು ಅದನ್ನು ನುಂಗುವವರು ಯಾರು ಎಂಬುದು. ಹಿಂದೆ ಹೊಟ್ಟೆಹುಣ್ಣು ಆಗಿದ್ದವರು, ಅದರಲ್ಲೂ ರಕ್ತಸ್ರಾವ ಆಗಿದ್ದವರು ಎಲ್ಲರಿಗಿಂತ ಹೆಚ್ಚಿನ ಅಪಾಯದಲ್ಲಿರುತ್ತಾರೆ. ಆ ನಂತರ ಬರುವವರು 65 ವರ್ಷ ದಾಟಿದವರು, ಆಸ್ಪಿರಿನ್ ಜೊತೆಗೆ ಇನ್ನೊಂದು ನೋವಿನ ಮಾತ್ರೆ ತೆಗೆದುಕೊಳ್ಳುವವರು, ಹೃದಯದ ರಕ್ತನಾಳಕ್ಕೆ ಸ್ಟೆಂಟ್ ಹಾಕಿಸಿಕೊಂಡು ಆಸ್ಪಿರಿನ್ ಮತ್ತು ಅದರಂತೆಯೇ ರಕ್ತ ಗಟ್ಟಿಯಾಗದಂತೆ ತಡೆಯುವ ಕ್ಲೊಪಿಡೊಗ್ರೆಲ್ ಎರಡನ್ನೂ ನುಂಗುವವರು, ವಾರ್ಫರಿನ್ ಅಥವಾ ಅಪಿಕ್ಸಬಾನ್‌ನಂಥ ರಕ್ತ ಹೆಪ್ಪುಗಟ್ಟದಂತೆ ತಡೆಯುವ ಔಷಧದಲ್ಲಿರುವವರು, ಮತ್ತು ನೋವಿನ ಮಾತ್ರೆಯನ್ನು ಹೆಚ್ಚಿನ ಪ್ರಮಾಣದಲ್ಲಿ ದೀರ್ಘಕಾಲ ತೆಗೆದುಕೊಳ್ಳುವವರು. ಜಠರದಲ್ಲಿ ಹೆಲಿಕೊಬ್ಯಾಕ್ಟರ್ ಪೈಲೋರಿ ಸೋಂಕು ಇದ್ದರೆ ಅಪಾಯ ಇನ್ನಷ್ಟು ಹೆಚ್ಚುತ್ತದೆ. ಬ್ಯಾರಿ ಮಾರ್ಷಲ್ ಮತ್ತು ರಾಬಿನ್ ವಾರೆನ್ ಅವರಿಗೆ 2005ರಲ್ಲಿ ನೊಬೆಲ್ ಬಂದದ್ದು ಹುಣ್ಣಿಗೂ ಈ ಬ್ಯಾಕ್ಟೀರಿಯಾಕ್ಕೂ ಇರುವ ನಂಟನ್ನು ತೋರಿಸಿಕೊಟ್ಟಿದ್ದಕ್ಕೆ. ಹಿಂದೆ ಹುಣ್ಣು ಆಗಿದ್ದವರು ದೀರ್ಘಕಾಲದ ಆಸ್ಪಿರಿನ್ ಆರಂಭಿಸುವ ಮುನ್ನ ಈ ಸೋಂಕಿನ ಪರೀಕ್ಷೆ ಮಾಡಿಸಿ, ಇದ್ದರೆ ಗುಣಪಡಿಸಿಕೊಳ್ಳುವುದು ಒಳ್ಳೆಯದು.

30 ವರ್ಷದ ಆರೋಗ್ಯವಂತರೊಬ್ಬರು ಕಾಲು ಉಳುಕಿತೆಂದು 3 ದಿನ ಐಬುಪ್ರೊಫೆನ್ ತೆಗೆದುಕೊಂಡರೆ ಅವರಿಗೆ ಆಮ್ಲನಿರೋಧಕ ಬೇಡ. 68 ವರ್ಷದ ತಾಯಿಯೊಬ್ಬರು ಹೃದಯಕ್ಕೆ ಆಸ್ಪಿರಿನ್ 75 ತೆಗೆದುಕೊಳ್ಳುತ್ತಿದ್ದು, ಮಂಡಿ ನೋವಿಗೆ 7 ದಿನ ಅಸೆಕ್ಲೊಫೆನಾಕ್ ಬರೆಸಿಕೊಂಡು ಬಂದಿದ್ದರೆ ಅವರಿಗೆ ಖಂಡಿತ ಬೇಕು. ‘ನನಗೆ ಎದೆ ಉರಿಯೇ ಇಲ್ಲ, ಹುಳಿತೇಗೂ ಇಲ್ಲ, ನನಗೇಕೆ?’ ಎಂದು ಅವರು ಕೇಳಬಹುದು. ನೋವಿನ ಮಾತ್ರೆಯಿಂದಾಗುವ ಹುಣ್ಣು ಎಷ್ಟೋ ಬಾರಿ ನೋವು ಕೊಡದೆಯೇ ಬೆಳೆಯುತ್ತದೆ, ಮೊದಲ ಸೂಚನೆಯೇ ರಕ್ತಸ್ರಾವವಾಗಿರಬಹುದು. ಆದ್ದರಿಂದ ತೊಂದರೆ ಇದೆಯೋ ಇಲ್ಲವೋ ಎಂಬುದನ್ನು ನೋಡಿ ತೀರ್ಮಾನಿಸಬಾರದು, ಅಪಾಯದ ಲೆಕ್ಕವನ್ನು ನೋಡಿಯೇ ತೀರ್ಮಾನಿಸಬೇಕು.

ಈ ಹಂತದಲ್ಲೇ ಕೇಳಬೇಕಾದ ಇನ್ನೊಂದು ಪ್ರಶ್ನೆಯಿದೆ: ಆ ನೋವಿನ ಮಾತ್ರೆಯೇ ಅಗತ್ಯವೇ? ಪ್ಯಾರಾಸಿಟಮಾಲ್, ಮಂಡಿಗೆ ಹಚ್ಚುವ ಡೈಕ್ಲೊಫೆನಾಕ್ ಜೆಲ್, ತೊಡೆಯ ಸ್ನಾಯುಗಳನ್ನು ಬಲಪಡಿಸುವ ವ್ಯಾಯಾಮ, ಇವುಗಳಿಂದ ನೋವು ತಾಳಬಹುದಾದ ಮಟ್ಟಕ್ಕೆ ಬಂದರೆ ಅದಕ್ಕಿಂತ ದೊಡ್ಡ ರಕ್ಷಣೆಯಿಲ್ಲ. ಚಿಕೂನ್‌ಗುನ್ಯಾದ ನಂತರ ತಿಂಗಳುಗಟ್ಟಲೆ ಕೀಲುನೋವು ಅನುಭವಿಸಿದವರು ನಮ್ಮ ಊರುಗಳಲ್ಲಿ ಬಹಳ ಜನ. 2006ರ ಆ ದೊಡ್ಡ ಹಾವಳಿಯ ಕಾಲದಲ್ಲಿ ಅಂಗಡಿಯಿಂದ ನೇರವಾಗಿ ನೋವಿನ ಮಾತ್ರೆ ತಂದು ನುಂಗುವ ಅಭ್ಯಾಸ ಬೆಳೆಸಿಕೊಂಡವರು ಅದನ್ನು ಇಂದಿಗೂ ಬಿಟ್ಟಿಲ್ಲ. ಗ್ಯಾಸ್ಟ್ರಿಕ್ ಮಾತ್ರೆ ಜಠರವನ್ನು ಕಾಪಾಡೀತೇ ಹೊರತು, ನೋವಿನ ಮಾತ್ರೆಯಿಂದ ಮೂತ್ರಪಿಂಡಕ್ಕೆ, ರಕ್ತದೊತ್ತಡಕ್ಕೆ, ಹೃದಯಕ್ಕೆ, ಸಣ್ಣ ಕರುಳಿಗೆ ಆಗುವ ಹಾನಿಯನ್ನು ತಡೆಯುವುದಿಲ್ಲ.

ಮೂರನೆಯ ಹಂತ: ಔಷಧ ಯಾವುದು, ಪ್ರಮಾಣ ಎಷ್ಟು

ಮುನ್ನೆಚ್ಚರಿಕೆಗೆ ಮೊದಲ ಆಯ್ಕೆ ‘ಪ್ರಜೋಲ್’ ಎಂದು ಕೊನೆಗೊಳ್ಳುವ ಗುಂಪು. ಇವು ಜಠರದ ಜೀವಕೋಶಗಳಲ್ಲಿ ಆಮ್ಲವನ್ನು ಹೊರದೂಡುವ ಪ್ರೋಟಾನ್ ಪಂಪ್‌ಗಳನ್ನು ಕಟ್ಟಿಹಾಕುತ್ತವೆ. ಈ ಗುಂಪಿನ ಮೊದಲ ಔಷಧವಾದ ಒಮೆಪ್ರಜೋಲ್ 1988ರಲ್ಲಿ ಮಾರುಕಟ್ಟೆಗೆ ಬಂದಿತು. ವಯಸ್ಕರಲ್ಲಿ ಹುಣ್ಣು ಬಾರದಂತೆ ತಡೆಯಲು ಸಾಮಾನ್ಯವಾಗಿ ಬಳಸುವ ಪ್ರಮಾಣ ದಿನಕ್ಕೆ ಒಂದೇ ಬಾರಿ: ಒಮೆಪ್ರಜೋಲ್ 20 ಮಿ.ಗ್ರಾಂ, ಎಸೊಮೆಪ್ರಜೋಲ್ 20 ಮಿ.ಗ್ರಾಂ, ಲ್ಯಾನ್ಸೊಪ್ರಜೋಲ್ 15 ಮಿ.ಗ್ರಾಂ, ಪ್ಯಾಂಟೊಪ್ರಜೋಲ್ 20 ಮಿ.ಗ್ರಾಂ. ನಮ್ಮ ಅಂಗಡಿಗಳಲ್ಲಿ ಪ್ಯಾಂಟೊಪ್ರಜೋಲ್ ಎಂದರೆ 40 ಎಂದೇ ಲೆಕ್ಕ. ಆಸ್ಪಿರಿನ್ ಮತ್ತು ಕ್ಲೊಪಿಡೊಗ್ರೆಲ್ ಎರಡೂ ಇರುವಂಥ ಹೆಚ್ಚು ಅಪಾಯದವರಿಗೆ ವೈದ್ಯರು 40 ಬರೆಯುವುದು ಸಹಜವೇ. ಆದರೆ ಕೇವಲ ಮುನ್ನೆಚ್ಚರಿಕೆಗಾಗಿ ಬೆಳಿಗ್ಗೆ ಒಂದು, ರಾತ್ರಿ ಒಂದು ಎಂದು ದಿನಕ್ಕೆ ಎರಡು ಬಾರಿ ನುಂಗುವುದಕ್ಕೆ ಸಾಮಾನ್ಯವಾಗಿ ಕಾರಣವಿರುವುದಿಲ್ಲ. ಎರಡು ಬಾರಿಯ ಪ್ರಮಾಣ ಇರುವುದು ಹೆಲಿಕೊಬ್ಯಾಕ್ಟರ್ ಚಿಕಿತ್ಸೆ, ರಕ್ತಸ್ರಾವವಾದ ಹುಣ್ಣು ಇಂಥ ಸಂದರ್ಭಗಳಿಗೆ. ಯಕೃತ್ತಿನ ತೀವ್ರ ಕಾಯಿಲೆ ಇರುವವರಲ್ಲಿ ಪ್ಯಾಂಟೊಪ್ರಜೋಲ್ ದಿನಕ್ಕೆ 20 ಮಿ.ಗ್ರಾಂ ಮೀರಬಾರದು.

ಕ್ಲೊಪಿಡೊಗ್ರೆಲ್ ತೆಗೆದುಕೊಳ್ಳುವವರು ಒಂದು ವಿಷಯವನ್ನು ಗಮನಿಸಬೇಕು. ಆ ಮಾತ್ರೆ ಕೆಲಸ ಮಾಡಬೇಕಾದರೆ ಯಕೃತ್ತಿನ ಒಂದು ಕಿಣ್ವ ಅದನ್ನು ಮಾರ್ಪಡಿಸಬೇಕು. ಒಮೆಪ್ರಜೋಲ್ ಮತ್ತು ಎಸೊಮೆಪ್ರಜೋಲ್ ಅದೇ ಕಿಣ್ವಕ್ಕೆ ಅಡ್ಡ ಬರುತ್ತವೆ. ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2009ರಲ್ಲಿ ಈ ಜೋಡಿಯ ಬಗ್ಗೆ ಎಚ್ಚರಿಕೆ ನೀಡಿತು. 2010ರಲ್ಲಿ ಪ್ರಕಟವಾದ ಒಂದು ದೊಡ್ಡ ಪ್ರಯೋಗದಲ್ಲಿ ಒಮೆಪ್ರಜೋಲ್ ಸೇರಿಸಿದವರಿಗೆ ಹೃದಯದ ತೊಂದರೆ ಹೆಚ್ಚಾಗಲಿಲ್ಲ, ಜಠರದ ತೊಂದರೆ 6 ತಿಂಗಳಲ್ಲಿ ಶೇ 2.9ರಿಂದ ಶೇ 1.1ಕ್ಕೆ ಇಳಿಯಿತು. ಹಾಗಿದ್ದರೂ ಪ್ಯಾಂಟೊಪ್ರಜೋಲ್ ಈ ಕಿಣ್ವವನ್ನು ಹೆಚ್ಚು ಕಾಡದ ಕಾರಣ, ಸ್ಟೆಂಟ್ ಇರುವವರಿಗೆ ಅದನ್ನೇ ಆರಿಸುವುದು ನನಗೆ ವಿವೇಕವೆನಿಸುತ್ತದೆ.

ಅಂಗಡಿಯಲ್ಲಿ ಪ್ಯಾಂಟೊಪ್ರಜೋಲ್ ಅಥವಾ ರಾಬೆಪ್ರಜೋಲ್ ಕೇಳಿದರೆ ಹೆಸರಿನ ಕೊನೆಗೆ ‘ಡಿ’ ಸೇರಿದ ಕ್ಯಾಪ್ಸೂಲ್ ಕೈಗೆ ಬರುವುದುಂಟು. ಆ ‘ಡಿ’ ಎಂದರೆ ಡಾಂಪೆರಿಡೋನ್, ವಾಂತಿ ತಡೆಯುವ ಔಷಧ. ಹುಣ್ಣು ತಡೆಯುವಲ್ಲಿ ಅದರ ಪಾತ್ರವೇನೂ ಇಲ್ಲ. ಅದು ಹೃದಯ ಬಡಿತದ ಲಯವನ್ನು ಕೆಡಿಸಬಹುದು ಎಂಬ ಕಾರಣಕ್ಕೆ ಯುರೋಪಿನ ಔಷಧ ಸಂಸ್ಥೆ 2014ರಲ್ಲಿ ಅದರ ಬಳಕೆಯನ್ನು ವಾಕರಿಕೆ, ವಾಂತಿಗೆ ಮಾತ್ರ, ಅದೂ ಸಾಮಾನ್ಯವಾಗಿ ಒಂದು ವಾರ ಮೀರದಂತೆ ಸೀಮಿತಗೊಳಿಸಿತು. ಹೃದ್ರೋಗಿಯೊಬ್ಬರು ಆಸ್ಪಿರಿನ್‌ನಿಂದ ರಕ್ಷಣೆಗೆಂದು ವರ್ಷಗಟ್ಟಲೆ ‘ಡಿ’ ಕ್ಯಾಪ್ಸೂಲ್ ನುಂಗುವುದು ನನ್ನನ್ನು ನಿಜಕ್ಕೂ ಕಳವಳಗೊಳಿಸುವ ಸಂಗತಿ. ಚೀಟಿಯಲ್ಲಿ ಹಾಗೆಯೇ ಬರೆದಿದ್ದರೆ ವೈದ್ಯರನ್ನು ಕೇಳಿ. ಬರೆಯದೆ ಅಂಗಡಿಯವರು ಕೊಟ್ಟಿದ್ದರೆ ಬದಲಾಯಿಸಿಕೊಳ್ಳಿ.

ಫ್ಯಾಮೊಟಿಡಿನ್, ರಾನಿಟಿಡಿನ್ ಮುಂತಾದ ಇನ್ನೊಂದು ಗುಂಪು ಎದೆ ಉರಿಗೆ ಬೇಗ ಪರಿಣಾಮ ತೋರಿಸುತ್ತದೆ, ಆದರೆ ಸತತವಾಗಿ ತೆಗೆದುಕೊಂಡರೆ ಕೆಲವೇ ದಿನಗಳಲ್ಲಿ ದೇಹ ಅದಕ್ಕೆ ಒಗ್ಗಿ ಪರಿಣಾಮ ಕುಂದುತ್ತದೆ. ನೋವಿನ ಮಾತ್ರೆಯಿಂದಾಗುವ ಜಠರದ ಹುಣ್ಣನ್ನು ಸಾಮಾನ್ಯ ಪ್ರಮಾಣದಲ್ಲಿ ಇದು ಸಾಕಷ್ಟು ತಡೆಯುವುದಿಲ್ಲ. ಮೂತ್ರಪಿಂಡ ದುರ್ಬಲವಾಗಿರುವ ಹಿರಿಯರಲ್ಲಿ ಫ್ಯಾಮೊಟಿಡಿನ್ ಪ್ರಮಾಣ ಕಡಿಮೆ ಮಾಡದಿದ್ದರೆ ಮಂಕು ಕವಿದಂತಾಗಬಹುದು. ರಾನಿಟಿಡಿನ್ ಅನ್ನು ಕಲ್ಮಶದ ಕಾರಣಕ್ಕೆ 2020ರಲ್ಲಿ ಅಮೆರಿಕದ ಮಾರುಕಟ್ಟೆಯಿಂದ ಹಿಂತೆಗೆಸಲಾಯಿತು. ಭಾರತದ ಅಗತ್ಯ ಔಷಧಗಳ ಪಟ್ಟಿಯಿಂದಲೂ 2022ರಲ್ಲಿ ಅದನ್ನು ಕೈಬಿಡಲಾಗಿದೆ. ಜೆಲ್ಯೂಸಿಲ್, ಡೈಜಿನ್, ಈನೋ ಇವು ಆ ಹೊತ್ತಿನ ಉರಿ ಇಳಿಸುತ್ತವೆ, ಹುಣ್ಣು ತಡೆಯುವುದಿಲ್ಲ. ಈನೋದಲ್ಲಿ ಸೋಡಿಯಂ ಹೆಚ್ಚಿರುವುದರಿಂದ ಬಿ.ಪಿ. ಇರುವವರು ಅದನ್ನು ದಿನಚರಿ ಮಾಡಿಕೊಳ್ಳಬಾರದು.

ನಾಲ್ಕನೆಯ ಹಂತ: ಸರಿಯಾದ ಹೊತ್ತಿಗೆ, ಸರಿಯಾದ ರೀತಿಯಲ್ಲಿ ನುಂಗಿ

ಈ ಮಾತ್ರೆಗಳ ಯಶಸ್ಸು ಅರ್ಧಕ್ಕರ್ಧ ಸಮಯದಲ್ಲಿದೆ. ಪಂಪ್‌ಗಳು ಆಹಾರ ಬಂದಾಗ ಎಚ್ಚರಗೊಂಡು ಕೆಲಸಕ್ಕಿಳಿಯುತ್ತವೆ. ಹಾಗೆ ಕೆಲಸ ಮಾಡುತ್ತಿರುವ ಪಂಪ್‌ಗಳನ್ನು ಮಾತ್ರ ಔಷಧ ಹಿಡಿಯಬಲ್ಲದು. ಔಷಧ ರಕ್ತದಲ್ಲಿ ಉಳಿಯುವುದು ಕೆಲವೇ ಗಂಟೆ, ಆದರೆ ಒಮ್ಮೆ ಹಿಡಿದ ಪಂಪನ್ನು ಅದು ಬಿಡುವುದಿಲ್ಲ. ದೇಹ ಹೊಸ ಪಂಪ್‌ಗಳನ್ನು ತಯಾರಿಸಿಕೊಳ್ಳಬೇಕು. ಆದ್ದರಿಂದ ಊಟಕ್ಕೆ 30ರಿಂದ 60 ನಿಮಿಷ ಮೊದಲು ನುಂಗಿದರೆ ಔಷಧ ರಕ್ತದಲ್ಲಿ ತುಂಬಿರುವ ಹೊತ್ತಿಗೇ ಪಂಪ್‌ಗಳು ಏಳುತ್ತವೆ. ಪೂರ್ಣ ಪರಿಣಾಮ ಬರಲು 3-4 ದಿನ ಬೇಕಾಗುವುದರಿಂದ, ನೋವಿನ ಮಾತ್ರೆ ಆರಂಭಿಸುವ ದಿನವೇ ಇದನ್ನೂ ಆರಂಭಿಸಬೇಕು. ಹೊಟ್ಟೆ ಉರಿದ ದಿನ ಮಾತ್ರ ಒಂದು ನುಂಗಿದರೆ ಮುನ್ನೆಚ್ಚರಿಕೆಯ ಉದ್ದೇಶ ಈಡೇರುವುದಿಲ್ಲ.

‘ಬೆಳಿಗ್ಗೆ ಖಾಲಿ ಹೊಟ್ಟೆಗೆ’ ಎಂದಷ್ಟೇ ಹೇಳಿದರೆ ನಮ್ಮ ದಿನಚರಿಯಲ್ಲಿ ಎಡವಟ್ಟಾಗುತ್ತದೆ. ಆರು ಗಂಟೆಗೆ ಮಾತ್ರೆ ನುಂಗಿ, ಒಂದು ಲೋಟ ಕಾಫಿ ಕುಡಿದು, ತೋಟದ ಕೆಲಸ ಮುಗಿಸಿ ಹತ್ತು ಗಂಟೆಗೆ ರೊಟ್ಟಿ ತಿನ್ನುವವರಲ್ಲಿ ಔಷಧದ ಬಹುಪಾಲು ಆಗಲೇ ರಕ್ತದಿಂದ ಹೊರಹೋಗಿರುತ್ತದೆ. ಅಂಥವರು ಒಂಬತ್ತು, ಒಂಬತ್ತೂಕಾಲಕ್ಕೆ ಮಾತ್ರೆ ನುಂಗಬೇಕು. ರಂಜಾನ್ ಉಪವಾಸದಲ್ಲಿರುವವರು ಸಹರಿ ಊಟಕ್ಕೆ ಅರ್ಧ ಗಂಟೆ ಮೊದಲು, ಅಥವಾ ಉಪವಾಸ ಬಿಟ್ಟು ನೀರು ಕುಡಿದ ನಂತರ ರಾತ್ರಿಯ ಮುಖ್ಯ ಊಟಕ್ಕೆ ಅರ್ಧ ಗಂಟೆ ಮೊದಲು ತೆಗೆದುಕೊಳ್ಳಬಹುದು.

ಪ್ಯಾಂಟೊಪ್ರಜೋಲ್ ಮಾತ್ರೆಯ ಮೇಲಿನ ನುಣುಪಾದ ಲೇಪನ ಅದನ್ನು ಜಠರದ ಆಮ್ಲದಿಂದಲೇ ಕಾಪಾಡುವಂಥದ್ದು. ಅದನ್ನು ಮುರಿದರೆ, ಪುಡಿ ಮಾಡಿದರೆ, ಜಗಿದರೆ ಔಷಧ ಕರುಳನ್ನು ತಲುಪುವ ಮುನ್ನವೇ ಕೆಡುತ್ತದೆ. ನುಂಗಲು ಕಷ್ಟಪಡುವವರಿಗೆ ಒಮೆಪ್ರಜೋಲ್ ಕ್ಯಾಪ್ಸೂಲ್ ಅನುಕೂಲ: ಹೆಚ್ಚಿನವುಗಳನ್ನು ಬಿಡಿಸಿ ಒಳಗಿರುವ ಸಾಸಿವೆಗಿಂತ ಸಣ್ಣ ಕಾಳುಗಳನ್ನು ಒಂದು ಚಮಚ ಮೊಸರಿನ ಮೇಲೆ ಉದುರಿಸಿ, ಜಗಿಯದೆ ನುಂಗಿಸಿ, ಮೇಲೆ ಸ್ವಲ್ಪ ನೀರು ಕುಡಿಸಬಹುದು. ನಿಮ್ಮ ಕ್ಯಾಪ್ಸೂಲ್ ಹಾಗೆ ಬಿಡಿಸಬಹುದಾದುದೇ ಎಂದು ಔಷಧಿ ಅಂಗಡಿಯಲ್ಲಿ ಮೊದಲೇ ಕೇಳಿಕೊಳ್ಳಿ. ಒಂದು ದಿನ ಮರೆತರೆ ನೆನಪಾದಾಗ ಆ ದಿನವೇ ತೆಗೆದುಕೊಳ್ಳಿ, ಮರುದಿನ ಎರಡು ನುಂಗಬೇಡಿ.

ಥೈರಾಯ್ಡ್ ಮಾತ್ರೆ ತೆಗೆದುಕೊಳ್ಳುವವರು ಎರಡರ ನಡುವೆ ಎಷ್ಟು ಅಂತರ ಬೇಕೆಂದು ಕೇಳುತ್ತಾರೆ. ಇಲ್ಲಿ ಅಂತರದಿಂದ ಪೂರ್ತಿ ಪರಿಹಾರವಿಲ್ಲ, ಏಕೆಂದರೆ ಆಮ್ಲ ದಿನವಿಡೀ ಕಡಿಮೆ ಇರುವುದರಿಂದಲೇ ಥೈರಾಕ್ಸಿನ್ ಹೀರಿಕೆ ತಗ್ಗಬಹುದು. ಗ್ಯಾಸ್ಟ್ರಿಕ್ ಮಾತ್ರೆಯನ್ನು ದೀರ್ಘಕಾಲಕ್ಕೆ ಆರಂಭಿಸಿದ 6-8 ವಾರಗಳ ನಂತರ ಟಿ.ಎಸ್.ಎಚ್. ಪರೀಕ್ಷೆ ಮಾಡಿಸಿ, ಬೇಕಿದ್ದರೆ ಪ್ರಮಾಣ ಬದಲಿಸಿಕೊಳ್ಳುವುದು ಸರಿಯಾದ ದಾರಿ. ಎಚ್.ಐ.ವಿ. ಔಷಧಗಳಾದ ರಿಲ್ಪಿವಿರಿನ್, ಅಟಜನಾವಿರ್ ತೆಗೆದುಕೊಳ್ಳುವವರು ತಮ್ಮ ಚಿಕಿತ್ಸಾ ಕೇಂದ್ರದಲ್ಲಿ ಕೇಳದೆ ಇದನ್ನು ಮುಟ್ಟಲೇಬಾರದು.

ಐದನೆಯ ಹಂತ: ಕೊನೆಯ ದಿನವನ್ನು ಚೀಟಿಯ ಮೇಲೆ ಬರೆಸಿಕೊಳ್ಳಿ

ಮುನ್ನೆಚ್ಚರಿಕೆಯ ಮಾತ್ರೆ, ತಾನು ಯಾವ ಮಾತ್ರೆಯಿಂದ ಕಾಪಾಡುತ್ತಿದೆಯೋ ಅದರ ಜೊತೆ ಬಂದು ಅದರ ಜೊತೆಯೇ ಹೋಗಬೇಕು. ಅಸೆಕ್ಲೊಫೆನಾಕ್ 7 ದಿನವಾದರೆ ಇದೂ 7 ದಿನ. ಮೇಲಿನ ಉದಾಹರಣೆಯ ತಾಯಿಗೆ ಮಾತ್ರ, ಅವರ ವಯಸ್ಸು ಮತ್ತು ಆಸ್ಪಿರಿನ್ ಕಾರಣದಿಂದ, ಮುಂದುವರಿಸಬೇಕೇ ಎಂದು ವೈದ್ಯರು ನೋಡಬೇಕಾಗುತ್ತದೆ. ಸ್ಟೆಂಟ್ ಇರುವವರಲ್ಲಿ ಕ್ಲೊಪಿಡೊಗ್ರೆಲ್ ನಿಲ್ಲಿಸಿದ ದಿನ ಈ ಪ್ರಶ್ನೆಯನ್ನು ಮತ್ತೆ ಕೇಳಬೇಕು. ಹಿಂದೆ ರಕ್ತಸ್ರಾವವಾಗಿದ್ದು ಆಸ್ಪಿರಿನ್ ಬಿಡುವಂತಿಲ್ಲದವರು ಆಸ್ಪಿರಿನ್ ಇರುವವರೆಗೂ ಇದನ್ನು ತೆಗೆದುಕೊಳ್ಳಬೇಕು, ವರ್ಷಗಳಾದರೂ ಸರಿ.

ಆಸ್ಪತ್ರೆಯಿಂದ ಬರುವಾಗ ಡಿಸ್ಚಾರ್ಜ್ ಚೀಟಿಯನ್ನು ವಿಶೇಷವಾಗಿ ನೋಡಿ. ಐಸಿಯುನಲ್ಲಿ 48 ಗಂಟೆಗೂ ಹೆಚ್ಚು ಕಾಲ ವೆಂಟಿಲೇಟರ್‌ನಲ್ಲಿದ್ದವರಿಗೆ, ರಕ್ತ ಹೆಪ್ಪುಗಟ್ಟುವ ಶಕ್ತಿ ಕುಂದಿದವರಿಗೆ ಜಠರದಲ್ಲಿ ಹುಣ್ಣಾಗದಂತೆ ಈ ಔಷಧ ಕೊಡುತ್ತಾರೆ, ಅದು ಅಲ್ಲಿ ನ್ಯಾಯವೇ. ಅಪಾಯ ಕಳೆದು ವಾರ್ಡಿಗೆ ಬಂದ ಮೇಲೂ, ಮನೆಗೆ ಬಂದ ಮೇಲೂ ಅದೇ ಸಾಲು ಚೀಟಿಯಿಂದ ಚೀಟಿಗೆ ನಕಲಾಗುತ್ತಾ ಹೋಗುತ್ತದೆ. ‘ಇದು ಯಾವುದಕ್ಕೆ, ಎಲ್ಲಿಯವರೆಗೆ?’ ಎಂದು ಕೇಳಲು ಸಂಕೋಚ ಬೇಡ.

ದೀರ್ಘಕಾಲ ತೆಗೆದುಕೊಳ್ಳಲೇಬೇಕಾದವರು ಏನನ್ನು ಗಮನಿಸಬೇಕು

ಮೂಳೆ ಮುರಿತ, ಮೂತ್ರಪಿಂಡದ ಕಾಯಿಲೆ, ಮರೆವು ಎಂದು ಈ ಮಾತ್ರೆಗಳ ಮೇಲೆ ಬಂದಿರುವ ಆರೋಪಗಳು ಹಲವು. ಅವುಗಳಲ್ಲಿ ಹೆಚ್ಚಿನವು ಬಳಸಿದವರನ್ನೂ ಬಳಸದವರನ್ನೂ ಹೋಲಿಸಿ ನೋಡಿದ ಅಧ್ಯಯನಗಳಿಂದ ಬಂದವು, ಮತ್ತು ಬಳಸುವವರು ಮೊದಲೇ ಹೆಚ್ಚು ಕಾಯಿಲೆಯವರಾಗಿರುತ್ತಾರೆ. 2019ರಲ್ಲಿ ಪ್ರಕಟವಾದ ಪ್ರಯೋಗವೊಂದರಲ್ಲಿ 17 ಸಾವಿರಕ್ಕೂ ಹೆಚ್ಚು ಹೃದ್ರೋಗಿಗಳಿಗೆ ಪ್ಯಾಂಟೊಪ್ರಜೋಲ್ 40 ಅಥವಾ ಔಷಧವಿಲ್ಲದ ಮಾತ್ರೆ ಕೊಟ್ಟು ಸರಾಸರಿ 3 ವರ್ಷ ನೋಡಿದಾಗ, ಸ್ಪಷ್ಟವಾಗಿ ಹೆಚ್ಚಾಗಿದ್ದು ಕರುಳಿನ ಸೋಂಕು ಮಾತ್ರ: ಶೇ 1.0 ಇದ್ದದ್ದು ಶೇ 1.4 ಆಗಿತ್ತು. ಹೀಗಾಗಿ, ನಿಜವಾದ ಕಾರಣವಿರುವವರು ಸುದ್ದಿ ಓದಿ ಹೆದರಿ ಮಾತ್ರೆ ಬಿಡುವುದು ಅಪಾಯಕರ.

ಆದರೂ ಗಮನಿಸಬೇಕಾದವು ಇವೆ. ಆಹಾರದಲ್ಲಿನ ಬಿ12 ಬಿಡುಗಡೆಯಾಗಲು ಜಠರದ ಆಮ್ಲ ಬೇಕು. ಎರಡು ಮೂರು ವರ್ಷ ಆಮ್ಲ ತಗ್ಗಿಸಿದವರಲ್ಲಿ ಅದು ಕೊರತೆಯಾಗಬಹುದು. ಸಸ್ಯಾಹಾರಿಯಾಗಿದ್ದು ಸಕ್ಕರೆ ಕಾಯಿಲೆಗೆ ಮೆಟ್‌ಫಾರ್ಮಿನ್ ಕೂಡ ತೆಗೆದುಕೊಳ್ಳುವವರಿಗೆ ಇದು ಮೂರು ದಿಕ್ಕಿನಿಂದ ಬರುವ ಹೊಡೆತ. ಕಾಲು ಜೋಮು, ಉರಿ ಎಂದಾಗ ಸಕ್ಕರೆಯನ್ನಷ್ಟೇ ದೂರದೆ ಬಿ12 ಮಟ್ಟವನ್ನೂ ಪರೀಕ್ಷಿಸಬೇಕು. ಬಿ.ಪಿ.ಗೆ ಮೂತ್ರ ಹೆಚ್ಚಿಸುವ ಮಾತ್ರೆ ತೆಗೆದುಕೊಳ್ಳುವವರು ರಕ್ತದಲ್ಲಿ ಮೆಗ್ನೀಸಿಯಂ ಕಡಿಮೆಯಾಗಿದೆಯೇ ಎಂದು ನೋಡಿಸಬೇಕು. ಕ್ಯಾಲ್ಸಿಯಂ ಕಾರ್ಬೊನೇಟ್ ಸರಿಯಾಗಿ ಹೀರಿಕೆಯಾಗದ ಕಾರಣ ಸಿಟ್ರೇಟ್ ರೂಪದ್ದನ್ನು ಕೇಳಿ. ಕಬ್ಬಿಣದ ಮಾತ್ರೆಯ ಹೀರಿಕೆಯೂ ತಗ್ಗುತ್ತದೆ.

ಮಾತ್ರೆ ಇದ್ದರೂ ತಡಮಾಡದೆ ಆಸ್ಪತ್ರೆಗೆ ಹೋಗಬೇಕಾದ ಲಕ್ಷಣಗಳು

ಮಲ ಡಾಂಬರಿನಂತೆ ಕಪ್ಪಾಗಿ, ಅಂಟಾಗಿ, ಕೆಟ್ಟ ವಾಸನೆಯಿಂದ ಹೋಗುವುದು, ಕಾಫಿ ಚರಟದಂಥ ಅಥವಾ ರಕ್ತದ ವಾಂತಿ, ಎದ್ದು ನಿಂತಾಗ ಕಣ್ಣು ಕತ್ತಲೆ ಬರುವುದು, ಇವು ರಕ್ತಸ್ರಾವದ ಸೂಚನೆಗಳು. ಕಬ್ಬಿಣದ ಮಾತ್ರೆಯಿಂದಲೂ ಮಲ ಕಪ್ಪಾಗುತ್ತದೆ, ಆದರೆ ಅನುಮಾನವಿದ್ದಾಗ ಮನೆಯಲ್ಲಿ ಕುಳಿತು ತೀರ್ಮಾನಿಸಬೇಡಿ. ಆಗಲೂ ಸ್ಟೆಂಟ್ ಇರುವವರು ಆಸ್ಪಿರಿನ್, ಕ್ಲೊಪಿಡೊಗ್ರೆಲ್ ಅನ್ನು ತಾವಾಗಿ ನಿಲ್ಲಿಸದೆ ಆಸ್ಪತ್ರೆಯಲ್ಲೇ ನಿರ್ಧಾರವಾಗಲಿ. ನುಂಗಲು ತಡೆ, ಕಾರಣವಿಲ್ಲದೆ ತೂಕ ಇಳಿಯುವುದು, ರಕ್ತಹೀನತೆ, 55 ದಾಟಿದ ಮೇಲೆ ಹೊಸದಾಗಿ ಶುರುವಾದ ಅಜೀರ್ಣ ಇದ್ದರೆ ಎಂಡೊಸ್ಕೋಪಿ ಬೇಕಾಗಬಹುದು.

ಎದೆ ಬಿಗಿತ, ಬೆವರು, ಎಡಗೈ ಅಥವಾ ದವಡೆಯತ್ತ ಹರಿಯುವ ನೋವು, ನಡೆದಾಗ ಹೆಚ್ಚಾಗುವ ‘ಗ್ಯಾಸ್’ ಬಂದಾಗ ಗ್ಯಾಸ್ಟ್ರಿಕ್ ಮಾತ್ರೆ ನುಂಗಿ ಕಾಯಬಾರದು. ತಕ್ಷಣ 108ಕ್ಕೆ ಕರೆ ಮಾಡಿ, ಇ.ಸಿ.ಜಿ. ಇರುವಲ್ಲಿಗೆ ಹೋಗಿ. ಹೃದಯಾಘಾತವನ್ನು ಗ್ಯಾಸ್ ಎಂದು ತಿಳಿದು ಕಳೆದುಕೊಂಡ ಗಂಟೆಗಳು ನಮ್ಮಲ್ಲಿ ಬಹಳ ಜೀವಗಳನ್ನು ತೆಗೆದುಕೊಂಡಿವೆ.

ಕೊನೆಯ ಹಂತ: ನಿಲ್ಲಿಸುವ ಕ್ರಮ

ಕೆಲವು ದಿನ ತೆಗೆದುಕೊಂಡವರು ಹಾಗೆಯೇ ನಿಲ್ಲಿಸಬಹುದು. ಎರಡು ತಿಂಗಳಿಗೂ ಹೆಚ್ಚು ತೆಗೆದುಕೊಂಡವರಲ್ಲಿ, ನಿಲ್ಲಿಸಿದೊಡನೆ ಜಠರ ಮೊದಲಿಗಿಂತ ಹೆಚ್ಚು ಆಮ್ಲ ಸುರಿಸುತ್ತದೆ. 2009ರ ಒಂದು ಅಧ್ಯಯನದಲ್ಲಿ ಹೊಟ್ಟೆಯ ತೊಂದರೆಯೇ ಇಲ್ಲದ ಆರೋಗ್ಯವಂತರಿಗೆ 8 ವಾರ ಎಸೊಮೆಪ್ರಜೋಲ್ ಕೊಟ್ಟು ನಿಲ್ಲಿಸಿದಾಗ, ಶೇ 44ರಷ್ಟು ಜನರಿಗೆ ಎದೆ ಉರಿ, ಹುಳಿತೇಗಿನಂಥ ತೊಂದರೆ ಕಾಣಿಸಿತು. ಔಷಧವಿಲ್ಲದ ಮಾತ್ರೆ ನುಂಗಿದವರಲ್ಲಿ ಇದು ಶೇ 15. ಬಹಳ ಜನ ಸಿಕ್ಕಿಬೀಳುವುದು ಇಲ್ಲಿಯೇ: ಬಿಟ್ಟರೆ ಉರಿ ಬರುತ್ತದೆ, ಆದ್ದರಿಂದ ನನಗೆ ಇದು ಬೇಕೇ ಬೇಕು ಎಂದುಕೊಳ್ಳುತ್ತಾರೆ.

ವೈದ್ಯರು ನಿಲ್ಲಿಸಲು ಒಪ್ಪಿದ ಮೇಲೆ, 40 ಇದ್ದದ್ದನ್ನು ಎರಡು ವಾರ 20ಕ್ಕೆ ಇಳಿಸಿ, ಆಮೇಲೆ ಎರಡು ವಾರ ದಿನ ಬಿಟ್ಟು ದಿನ ತೆಗೆದುಕೊಂಡು ನಿಲ್ಲಿಸಬಹುದು. 40ರ ಮಾತ್ರೆಯನ್ನು ತುಂಡು ಮಾಡದೆ 20ರದ್ದನ್ನೇ ಕೇಳಿ ಪಡೆಯಿರಿ. ನಡುವೆ ಉರಿ ಬಂದರೆ ಜೆಲ್ಯೂಸಿಲ್‌ನಂಥದ್ದು ಅಥವಾ ವೈದ್ಯರು ಹೇಳಿದರೆ ಫ್ಯಾಮೊಟಿಡಿನ್ ಆ ಹೊತ್ತಿಗೆ ಸಾಕು. ರಾತ್ರಿ ಊಟ ಮಲಗುವುದಕ್ಕೆ ಮೂರು ಗಂಟೆ ಮೊದಲು ಮುಗಿಯಲಿ. ಅನ್ನನಾಳದ ತೀವ್ರ ಹುಣ್ಣು ಅಥವಾ ಬ್ಯಾರೆಟ್ ಅನ್ನನಾಳ (ಆಮ್ಲದಿಂದ ಅನ್ನನಾಳದ ಒಳಪೊರೆ ಮಾರ್ಪಟ್ಟ ಸ್ಥಿತಿ) ಇರುವವರಿಗೆ, ಹಿಂದೆ ರಕ್ತಸ್ರಾವವಾಗಿ ಆಸ್ಪಿರಿನ್ ಮುಂದುವರಿಸುತ್ತಿರುವವರಿಗೆ ಈ ಕ್ರಮ ಅನ್ವಯಿಸುವುದಿಲ್ಲ.

ನಿಲ್ಲಿಸಿ ನಾಲ್ಕು ವಾರ ಕಳೆದರೂ ಉರಿ ಇಳಿಯದಿದ್ದರೆ ಅದು ಮಾತ್ರೆ ಬಿಟ್ಟದ್ದರ ಪರಿಣಾಮ ಮಾತ್ರವಾಗಿರಲಾರದು, ವೈದ್ಯರನ್ನು ಕಾಣಿ. ಹೆಲಿಕೊಬ್ಯಾಕ್ಟರ್‌ಗೆ ಉಸಿರಿನ ಅಥವಾ ಮಲದ ಪರೀಕ್ಷೆ ಸರಿಯಾದ ಉತ್ತರ ಕೊಡಬೇಕಾದರೆ ಅದಕ್ಕೂ ಮುನ್ನ 2 ವಾರ ಈ ಮಾತ್ರೆಯನ್ನು, 4 ವಾರ ಆಂಟಿಬಯಾಟಿಕ್ ಅನ್ನು ತೆಗೆದುಕೊಂಡಿರಬಾರದು. ಆದ್ದರಿಂದ ಕೊನೆಯ ಮಾತ್ರೆ ನುಂಗಿದ ತಾರೀಖನ್ನು ಚೀಟಿಯ ಹಿಂಬದಿಯಲ್ಲಿ ಬರೆದುಕೊಂಡು ಹೋಗಿ.